ಎರಡು ಭಾಷೆಗಳಲ್ಲಿ ‘ಡಾರ್ಕ್’: ಅಡಿಕೆ ಸುಗ್ಗಿಯಿಂದ ಆಷಾಢದವರೆಗೆ

ತೀರ್ಥಹಳ್ಳಿ ಸಮೀಪದ ನಮ್ಮ ಮನೆಯಲ್ಲಿ ‘ಡಾರ್ಕ್’ ಎಂಬ ಜರ್ಮನ್ ಧಾರಾವಾಹಿಯನ್ನು ನೋಡತೊಡಗಿದ್ದು ಹಿಂದಿನ ಅಡಿಕೆ ಸುಗ್ಗಿಯಲ್ಲಿ. 2017ರಿಂದ 2020ರವರೆಗೆ ಮೂರು ಸೀಸನ್‌ಗಳಾಗಿ ಬಂದ ಅದರ 26 ಕಂತುಗಳ ಕಥೆಯ ಬಗ್ಗೆ ಬೇಕಾದಷ್ಟು ಜನ ಬರೆದಿರುವುದರಿಂದ ನಾನು ಧ್ವನಿಯ ವಿಷಯವನ್ನಷ್ಟೇ ಹೇಳುತ್ತೇನೆ.

ಹಸಿ ಅಡಿಕೆ ಸುಲಿಯುವಾಗ ಕಣ್ಣು ಮೆಟ್ಟುಗತ್ತಿಯ ಮೇಲೇ ಇರಬೇಕು; ಸಬ್‌ಟೈಟಲ್ ಓದುತ್ತ ಕುಳಿತರೆ ಬೆರಳು ಉಳಿಯುವುದಿಲ್ಲ. ಆದ್ದರಿಂದ ಮೊದಲ ಸೀಸನ್ನಿನ ಹತ್ತು ಕಂತುಗಳನ್ನೂ ಇಂಗ್ಲಿಷ್ ಧ್ವನಿಯಲ್ಲಿ, ನೋಡಿದ್ದಕ್ಕಿಂತ ಹೆಚ್ಚಾಗಿ ಕೇಳಿ ಮುಗಿಸಿದೆವು. ಆಗ ಆ ಡಬ್ಬಿಂಗ್ ಬಗ್ಗೆ ನನಗೆ ಕೃತಜ್ಞತೆಯೇ ಇತ್ತು. ತೊಡಕಿದ್ದುದು ಒಂದೇ. ಎರಡೂ ಭಾಷೆ ಬಾರದ ಅಮ್ಮನಿಗೆ ನಾನು ಪ್ರತಿ ಮಾತನ್ನೂ ಕನ್ನಡದಲ್ಲಿ ಹೇಳಬೇಕಿತ್ತು, ಹೇಳಿದಾಗಲೆಲ್ಲ ಅವರು, “ಅವನು ನೀನು ಅಂದನೋ, ನೀವು ಅಂದನೋ?” ಎಂದು ಕೇಳುತ್ತಿದ್ದರು. ಇಂಗ್ಲಿಷಿನ ‘ಯೂ’ನಲ್ಲಿ ಅದಕ್ಕೆ ಉತ್ತರವಿರಲಿಲ್ಲ. ನಾನು ಊಹಿಸಿ ಹೇಳುತ್ತಿದ್ದೆ, ಅವರು ನಂಬುತ್ತಿರಲಿಲ್ಲ.

ಆಷಾಢ ಬಂದಾಗ ಕೈ ಬಿಡುವಾಯಿತು, ಆದರೆ ಹೆಂಚಿನ ಮೇಲೆ ಸುರಿಯುವ ಮಳೆಯಲ್ಲಿ ಟಿವಿಯ ಮಾತು ಅರ್ಧಕ್ಕರ್ಧ ಕೇಳದಾಯಿತು. ಹೇಗೂ ಸಬ್‌ಟೈಟಲ್ ಓದಲೇಬೇಕು, ಅಂದಮೇಲೆ ಮೂಲ ಭಾಷೆಯೇ ಇರಲಿ ಎಂದು ಜರ್ಮನ್ ಧ್ವನಿಗೆ ಬದಲಾಯಿಸಿ ಎರಡನೆಯ ಸೀಸನ್ ಹಾಕಿದೆ. ರಾತ್ರಿ ಊಟವಾದ ಮೇಲೆ ಒಂದೇ ಕಂತು. ಅಮ್ಮನ ಕೈಯಲ್ಲಿ ಜೀರಿಗೆ ಕಷಾಯ, ನನ್ನ ಕೈಯಲ್ಲಿ ರಿಮೋಟ್, ತೆರೆಯ ಮೇಲೂ ಬಿಡದೆ ಹೊಯ್ಯುವ ಮಳೆ. ಜರ್ಮನ್‌ನಲ್ಲಿ ಸಲುಗೆಗೆ ‘ಡೂ’, ಗೌರವಕ್ಕೂ ಅಪರಿಚಿತರಿಗೂ ‘ಝೀ’. ನಾಲ್ಕನೆಯ ರಾತ್ರಿಯ ಹೊತ್ತಿಗೆ ಅಮ್ಮನೇ ಅದನ್ನು ಹಿಡಿದು, ನಾನು ಬಾಯಿ ತೆರೆಯುವ ಮೊದಲೇ “ಈಗ ಏಕವಚನಕ್ಕೆ ಇಳಿದ” ಎನ್ನತೊಡಗಿದರು. (‘ಝೀ’ ಎಂದರೆ ‘ಅವಳು’, ‘ಅವರು’ ಎಂದೂ ಆಗುವುದರಿಂದ ಅವರ ತೀರ್ಪು ಆಗಾಗ ತಪ್ಪುತ್ತಿತ್ತು.) ಒಬ್ಬನೇ ಮನುಷ್ಯ ಬೇರೆ ಬೇರೆ ಕಾಲದಲ್ಲಿ ಬೇರೆ ಬೇರೆ ವಯಸ್ಸಿನವನಾಗಿ ಎದುರಾಗುವ ಈ ಕಥೆಯಲ್ಲಿ ಯಾರು ಯಾರಿಗೆ ಹಿರಿಯರೆಂಬುದೇ ಗೊಂದಲ, ಅಲ್ಲಿ ಈ ಸಣ್ಣ ಸರ್ವನಾಮ ದಾರಿ ತೋರಿಸುತ್ತದೆ. 1953, 1986, 2019 ಎಂದು ಕಥೆ 33 ವರ್ಷಗಳ ಅಂತರದಲ್ಲಿ ಸುತ್ತುವುದಕ್ಕೆ ಸೂರ್ಯಚಂದ್ರರ ಲೆಕ್ಕವಿದೆಯೆಂದು ನಾನು ವಿವರಿಸಿದಾಗ, ಅದಕ್ಕೇ ನಾವು ಅಧಿಕ ಮಾಸ ಸೇರಿಸುವುದಲ್ಲವೇ ಎಂದು ಅಮ್ಮ ಅದನ್ನು ಸಲೀಸಾಗಿ ದಾಟಿಬಿಟ್ಟರು.

ಇದಾದ ಮೇಲೆ ಮೊದಲ ಸೀಸನ್ನಿನ ಇಂಗ್ಲಿಷ್ ಧ್ವನಿಗೆ ಮರಳಿದಾಗ ಅದು ಸಪ್ಪೆಯೆನಿಸಿತು. ತುಟಿಯ ಚಲನೆಗೆ ಹೊಂದಿಸಲು ಮಾತನ್ನು ಬದಲಿಸಿರುವುದರಿಂದ, ಕೇಳುವ ಇಂಗ್ಲಿಷ್ ಒಂದು, ಕೆಳಗೆ ಓದುವ ಇಂಗ್ಲಿಷ್ ಇನ್ನೊಂದು. ಇದರ ಮೇಲೆ, ಕರೆಂಟು ಹೋಗಿ ಬಂದಾಗಲೆಲ್ಲ ಧ್ವನಿ ತಾನಾಗಿಯೇ ಇಂಗ್ಲಿಷಿಗೆ ಮರಳುತ್ತದೆ. ತಪ್ಪು ಆ್ಯಪಿನದೋ ನಮ್ಮ ಹಳೆಯ ಟಿವಿಯದೋ ಹೇಳಲಾರೆ. ಮಲೆನಾಡಿನ ಮಳೆಗಾಲದಲ್ಲಿ ಒಂದು ಕಂತಿಗೆ ಎಷ್ಟು ಬಾರಿ ಹೀಗಾಗಬಹುದೆಂದು ನೀವೇ ಊಹಿಸಿ.

ಚಂದಾ ಹಣವನ್ನು ವರ್ಷವಿಡೀ ಕಟ್ಟುವ ಅನುಕೂಲ ನಮಗಿಲ್ಲ. ಸುಗ್ಗಿಗೆಂದು ಕಟ್ಟಿದರೆ ಮತ್ತೆ ಇಂಗ್ಲಿಷೇ ಗತಿಯಾದೀತೆಂದು ಸದ್ಯ ನಿಲ್ಲಿಸಿದ್ದೇನೆ. ಮೂರನೆಯ ಸೀಸನ್ನಿನ ಎಂಟು ಕಂತುಗಳು ಮುಂದಿನ ಆಷಾಢಕ್ಕೆ ಉಳಿದಿವೆ.