ಕೊಲೋಸಿಯಮ್ಮೋ, ಪೊಂಪೇಯೋ?

ಇಟಲಿಯಲ್ಲಿ ಒಂದೇ ದಿನ ಕೈಯಲ್ಲಿದ್ದರೆ ಯಾವುದನ್ನು ನೋಡುವುದು? ಭವ್ಯತೆಯೇ ಬೇಕೆಂದರೆ ಕಾಳಗದ ಪಂದ್ಯಗಳ ಅಖಾಡವಾಗಿದ್ದ ರೋಮಿನ ಕೊಲೋಸಿಯಂ. ಕ್ರಿ.ಶ. 80ರಲ್ಲಿ ಟೈಟಸ್ ಚಕ್ರವರ್ತಿ ಉದ್ಘಾಟಿಸಿದ್ದು; ಸುಮಾರು 50,000 ಮಂದಿ ಅಂತಸ್ತಿಗೆ ತಕ್ಕಂತೆ ಕೂರುತ್ತಿದ್ದರು. ಪ್ರಾಣಿಗಳನ್ನು ಮೇಲೆತ್ತುತ್ತಿದ್ದ ನೆಲಮಾಳಿಗೆ ಈಗಲೂ ಕಾಣುತ್ತದೆ.

ಪೊಂಪೇಯ ಅಖಾಡ ಅದಕ್ಕಿಂತ ಸುಮಾರು 150 ವರ್ಷ ಹಳೆಯದು, ಚಿಕ್ಕದು. ಆದರೆ ಜ್ವಾಲಾಮುಖಿಯ ಬೂದಿಯಡಿ ಹೂತುಹೋಗಿದ್ದರಿಂದ ಇಲ್ಲಿ ಊರಿಗೆ ಊರೇ ಉಳಿದಿದೆ. ಕ್ರಿ.ಶ. 59ರಲ್ಲಿ ಪಂದ್ಯದ ವೇಳೆ ನೆರೆಯೂರಿನವರೊಂದಿಗೆ ಹೊಡೆದಾಟವಾಗಿ ಹೆಣಗಳೇ ಬಿದ್ದವು. ಅಂಥ ಪಂದ್ಯಗಳಿಗೆ ಹತ್ತು ವರ್ಷ ನಿಷೇಧವೂ ಬಿತ್ತು. ಈಸಿಸ್ ದೇವಿಯ ಗುಡಿಯನ್ನಂತೂ ಬಿಡಲೇಬೇಡಿ. ಭೂಕಂಪದಲ್ಲಿ ಕುಸಿದ ಅದನ್ನು ಮತ್ತೆ ಕಟ್ಟಿಸಿದವನು, ಶಾಸನದ ಪ್ರಕಾರ, ಆರು ವರ್ಷದ ಪೊಪಿಡಿಯಸ್ ಸೆಲ್ಸಿನಸ್! ದುಡ್ಡು ಅಪ್ಪನದೇ ಇರಬೇಕು. ಬಿಡುಗಡೆ ಪಡೆದ ಗುಲಾಮನೆಂದು ವಿದ್ವಾಂಸರು ಗುರುತಿಸುವ ಅವನಿಗೆ ನಗರಸಭೆಯ ಬಾಗಿಲು ಮುಚ್ಚಿತ್ತು, ಮಗನಿಗೆ ತೆರೆಯಿತು. ರೋಮನ್ ಸಮಾಜ ಅರ್ಥವಾಗಬೇಕೆನ್ನುವವರಿಗೆ ನಾನು ಹೇಳುವುದು ಪೊಂಪೇಯನ್ನೇ.