ಕಪ್ಪು ಬಿಳುಪಿಗೆ ಪ್ಲಗಿನ್ ಬೇಕೇ? ಒಂದೇ ಚಿತ್ರ, ಮೂರು ದಾರಿ

ಕಿಟಕಿಯ ಬಳಿ ಕುಳಿತ ಅಜ್ಜಿಯ ಮುಖ, ಅರ್ಧ ಬೆಳಕು, ಅರ್ಧ ನೆರಳು, ಹಿಂದೆ ನೀಲಿ ಗೋಡೆ. ಈ ಒಂದೇ ರಾ ಫೈಲನ್ನು (ಕ್ಯಾಮೆರಾ ಸೆರೆಹಿಡಿದದ್ದನ್ನೆಲ್ಲ ಉಳಿಸಿಕೊಂಡ ಮೂಲ ಫೈಲ್) ಚಿತ್ರ ತಿದ್ದುವ ತಂತ್ರಾಂಶವಾದ ಲೈಟ್‌ರೂಮಿನಲ್ಲೇ ಇರುವ ಕಪ್ಪು ಬಿಳುಪು ಮಿಕ್ಸರ್, ನಿಕ್ ಕಲೆಕ್ಷನ್ ಎಂಬ ಪ್ಲಗಿನ್‌ಗಳ (ಲೈಟ್‌ರೂಮಿಗೆ ಸೇರಿಸಿಕೊಳ್ಳುವ ಹೆಚ್ಚುವರಿ ತಂತ್ರಾಂಶಗಳ) ಗುಚ್ಛದಲ್ಲಿನ ಸಿಲ್ವರ್ ಎಫೆಕ್ಸ್ ಮತ್ತು ಕೃತಕ ಬುದ್ಧಿಮತ್ತೆಯ ಇನ್ನೊಂದು ಪ್ಲಗಿನ್, ಮೂರರಲ್ಲೂ ತಿದ್ದಿ ನೋಡಿದೆ.

ಕೊನೆಯದರ ಮಾತನ್ನು ಮೊದಲೇ ಮುಗಿಸುತ್ತೇನೆ. ಗುಂಡಿ ಒತ್ತಿದೊಡನೆ ಅದು ನಾಯ್ಸ್ (ಚಿತ್ರದ ಮೇಲಿನ ಬೇಡದ ಚುಕ್ಕೆಗಳು) ಜೊತೆಗೆ ಕೆನ್ನೆಯ ಸುಕ್ಕುಗಳನ್ನೂ ಒರೆಸಿಹಾಕಿತು. ಆ ಸುಕ್ಕುಗಳಿಗಾಗಿಯೇ ನಾನು ಚಿತ್ರ ತೆಗೆದಿದ್ದೆ. ಆ ಪ್ಲಗಿನ್ ಅನ್ನು ಅಂದೇ ಕಂಪ್ಯೂಟರ್‌ನಿಂದ ತೆಗೆದುಹಾಕಿದೆ.

ಮಿಕ್ಸರ್‌ನಲ್ಲಿ ಎಂಟು ಬಣ್ಣಗಳ ಸ್ಲೈಡರ್‌ಗಳಿವೆ. ಕಿತ್ತಳೆಯನ್ನು ಏರಿಸಿದರೆ ಚರ್ಮ ಬೆಳಗುತ್ತದೆ, ನೀಲಿಯನ್ನು ಇಳಿಸಿದರೆ ಗೋಡೆ ಕಪ್ಪಾಗುತ್ತದೆ. ಮೂಲ ಫೈಲ್ ಹಾಗೆಯೇ ಇರುವುದರಿಂದ ವರ್ಷದ ಬಳಿಕ ಮನಸ್ಸು ಬದಲಾದರೂ ಚಿಂತೆಯಿಲ್ಲ. ಆದರೆ ಮಿಕ್ಸರ್‌ಗೆ ಗೊತ್ತಿರುವುದು ಬಣ್ಣ ಮಾತ್ರ, ಜಾಗವಲ್ಲ. ಕಿತ್ತಳೆ ಏರಿಸಿದಾಗ ಮುಖದೊಂದಿಗೆ ಕಿಟಕಿಯ ಮರದ ಚೌಕಟ್ಟೂ ಬೆಳಗಿ ನಿಂತಿತು. ಮಾಸ್ಕ್ ಹಾಕಿ, ಅಂದರೆ ಆ ಭಾಗವನ್ನಷ್ಟೇ ಆರಿಸಿಕೊಂಡು, ಅದನ್ನು ತಗ್ಗಿಸಿದೆ. ಅಂಚುಗಳನ್ನು ಸರಿಪಡಿಸುವುದರಲ್ಲೇ ಬಹಳ ಹೊತ್ತು ಹೋಯಿತು.

ಸಿಲ್ವರ್ ಎಫೆಕ್ಸ್‌ನ ಕಂಟ್ರೋಲ್ ಪಾಯಿಂಟ್ ಮನಗೆದ್ದದ್ದು ಇಲ್ಲಿಯೇ. ಕೆನ್ನೆಯ ಮೇಲೆ ಒಂದು ಬಿಂದು ಇಟ್ಟರೆ, ಅದರ ವೃತ್ತದೊಳಗೆ ಆ ಬಣ್ಣ, ಆ ಹೊಳಪನ್ನು ಹೋಲುವ ಭಾಗ ಮಾತ್ರ ಬದಲಾಗುತ್ತದೆ. ಎರಡು ಬಿಂದುಗಳಲ್ಲಿ ಮುಖ ನೆರಳಿನಿಂದ ಎದ್ದು ಬಂತು, ಕಿಟಕಿಯ ಮರ ಬದಲಾಗಲಿಲ್ಲ. ಅದಕ್ಕಿಂತಲೂ ನನಗೆ ಉಪಕಾರ ಮಾಡಿದ್ದು 0ಯಿಂದ (ಅಚ್ಚ ಕಪ್ಪು) 10ರವರೆಗಿನ (ಅಚ್ಚ ಬಿಳುಪು) ಹನ್ನೊಂದು ವಲಯಗಳ ಪಟ್ಟಿ. ಯಾವ ವಲಯ ಆರಿಸುತ್ತೇವೋ ಆ ಹೊಳಪಿನ ಜಾಗಗಳು ಚಿತ್ರದಲ್ಲಿ ಗುರುತಾಗುತ್ತವೆ. ಅಜ್ಜಿಯ ಹಣೆಯ ಮೇಲಿನ ಬಿಳಿಗೂದಲು 10ಕ್ಕೆ ತಾಗಿತ್ತು. ಹಾಗೆಯೇ ಮುದ್ರಿಸಿದ್ದರೆ ಅಲ್ಲಿ ಬರಿಯ ಕಾಗದ ಕಾಣುತ್ತಿತ್ತು.

ತಪ್ಪು ಕಂಡದ್ದು ಪ್ಲಗಿನ್‌ನಲ್ಲಿ, ಮದ್ದು ಇದ್ದದ್ದು ರಾ ಫೈಲಿನಲ್ಲಿ. ಲೈಟ್‌ರೂಮ್ ಪ್ಲಗಿನ್‌ಗೆ ಕಳುಹಿಸುವುದು ರಾ ಫೈಲನ್ನಲ್ಲ, ಟಿಫ್ ಎಂಬ ಚಿತ್ರ ಮಾದರಿಯ ಪ್ರತಿಯನ್ನು. ಅದರಲ್ಲಿ ಬೆಳ್ಳಗಾಗಿ ಹೋದ ವಿವರ ಮರಳಿ ಬಾರದು. ರಾ ಫೈಲಿಗೆ ಹಿಂದಕ್ಕೆ ಹೋಗಿ ಹೈಲೈಟ್ಸ್ (ಅತಿ ಬೆಳಕಿನ ಭಾಗಗಳ ಹೊಳಪು) ಇಳಿಸಿ, ಹೊಸ ಪ್ರತಿ ಕಳುಹಿಸಿದೆ. ಕೂದಲಿನ ಎಳೆ ಎಳೆಯೂ ಮರಳಿತು. 24 ಮೆಗಾಪಿಕ್ಸೆಲ್‌ನ ಚಿತ್ರವನ್ನು 16 ಬಿಟ್ ಟಿಫ್ ಆಗಿ, ಸಂಕುಚಿಸದೆ ಇಟ್ಟರೆ ಪ್ರತಿಯೊಂದಕ್ಕೂ ಸುಮಾರು 144 ಎಂಬಿ ಬೇಕು. ಮದುವೆಯ ಐನೂರು ಚಿತ್ರಗಳಿಗೆ ಈ ದಾರಿ ಹಿಡಿಯಬೇಡಿ, ಅಲ್ಲಿ ಮಿಕ್ಸರ್ ಸಾಕು.

2016ರಲ್ಲಿ ಗೂಗಲ್ ನಿಕ್ ಕಲೆಕ್ಷನ್‌ನ ಪ್ಲಗಿನ್‌ಗಳನ್ನು ಉಚಿತವಾಗಿ ಕೊಟ್ಟಿತ್ತು. 2017ರಲ್ಲಿ ಡಿಎಕ್ಸ್‌ಒ ಎಂಬ ಕಂಪನಿ ಅವುಗಳನ್ನು ಕೊಂಡಿತು. ಈಗಿನ ಆವೃತ್ತಿಗೆ ಹಣ ಕೊಡಬೇಕು. ಗೋಡೆಗೆ ತೂಗುಹಾಕುವ ಭಾವಚಿತ್ರಗಳಿಗಾಗಿ ನಾನು ಕೊಟ್ಟೆ. ಕೊಳ್ಳುವ ಮೊದಲು ಪ್ರಯೋಗದ ಅವಧಿಯಲ್ಲಿ ನಿಮ್ಮದೇ ಒಂದು ಕಷ್ಟದ ಚಿತ್ರವನ್ನು ಅದಕ್ಕೆ ಕೊಟ್ಟು ನೋಡಿ.