ಭೀಮಗಡದ ಕಾಲುದಾರಿ, ದಾಂಡೇಲಿಯ ಜೀಪು, ಮಂಗಟ್ಟೆಯ ಮರ: ಮೂರೂ ನೋಡಿ ಬಂದೆವು

ಬಾಗಲಕೋಟೆಯ ನಮ್ಮ ಮಾಮಾ ಬೆಳಗಾವಿಗೆ ಬಂದಾಗಲೆಲ್ಲ ಒಂದೇ ತಕರಾರು ತೆಗೆಯುತ್ತಾರೆ. "ಖಾನಾಪುರ ದಾಟಿದ್ರ ದೊಡ್ಡ ಅಡವಿ ಐತಿ ಅಂತೀ. ಇಷ್ಟು ವರ್ಷದಾಗ ನನಗ ಒಂದು ಪ್ರಾಣಿ ತೋರಿಸಿಲ್ಲ ನೀ." ಈ ಚಳಿಗಾಲ ತೋರಿಸಿಯೇ ಬಿಡೋಣ ಅಂತ ಹಟ ಹಿಡಿದೆ. ಡಿಸೆಂಬರ್‌ನಿಂದ ಮಾರ್ಚ್‌ವರೆಗೆ ಮೂರು ಟ್ರಿಪ್ ಆಯಿತು. ಮೂರರಲ್ಲೂ ಜೊತೆಗೆ ಗೈಡ್ ಇದ್ದರು. ಮೂರೂ ಅದೇ ದಿನ ಹೋಗಿ ಅದೇ ದಿನ ಬರುವಂಥವು. ಖಾನಾಪುರದ ಆಚೆಯ ಭೀಮಗಡ ಕಾಡಿನಲ್ಲಿ ನಡಿಗೆ, ದಾಂಡೇಲಿಯಲ್ಲಿ ಜೀಪ್ ಸಫಾರಿ, ಮತ್ತೆ ದಾಂಡೇಲಿಯಲ್ಲೇ ಮಂಗಟ್ಟೆ (ಹಾರ್ನ್‌ಬಿಲ್) ಹಕ್ಕಿ ನೋಡುವ ಬೆಳಗು.

ಹೊರಡುವ ಮೊದಲು ಒಂದು ಮಾತು. ಮಳೆಕಾಡಲ್ಲಿ ಪ್ರಾಣಿ ಸುಲಭಕ್ಕೆ ಕಾಣಲ್ಲ. ಬಂಡೀಪುರದ ಫೋಟೋ ನೋಡಿ ಅದೇ ಲೆಕ್ಕದಲ್ಲಿ ಹೋದರೆ ಬೇಜಾರಾಗುತ್ತದೆ. ಭೀಮಗಡದಲ್ಲಿ ಮರ ಎಲೆ ಉದುರಿಸಿ ಬರಿದಾಗುವುದೇ ಕಡಿಮೆ. ಹತ್ತು ಹೆಜ್ಜೆ ಆಚೆ ಕಾಡುಕೋಣ ನಿಂತಿದ್ದರೂ ಗೊತ್ತಾಗಲ್ಲ. ದಾಂಡೇಲಿ ಸುತ್ತಿನ ಕಾಡು ಬೇರೆ. ಅಲ್ಲಿ ತೇಗ, ಬಿದಿರು ಜಾಸ್ತಿ, ಬೇಸಿಗೆ ಹತ್ತಿರ ಬಂದಂತೆ ಎಲೆ ಉದುರಿ ಕಣ್ಣಿಗೆ ದಾರಿ ಸಿಗುತ್ತದೆ. ದಾಂಡೇಲಿ ಕಾಡು ಸೇರಿರುವ ಅದೇ ಕಾಳಿ ಹುಲಿ ಸಂರಕ್ಷಿತ ಪ್ರದೇಶದಲ್ಲಿ ಅಣಶಿ ಕಡೆ ಹೋದರೆ ಮತ್ತೆ ದಟ್ಟ ಹಸಿರು. ಈ ವ್ಯತ್ಯಾಸ ನನಗೆ ಮೂರನೇ ಟ್ರಿಪ್ಪಿಗೆ ತಲೆಗೆ ಹೋಯಿತು. ಮೊದಲೇ ಗೊತ್ತಿದ್ದರೆ ಮಾಮಾನ ಕೈಲಿ ಬೈಸಿಕೊಳ್ಳುವುದು ತಪ್ಪುತ್ತಿತ್ತು.

ಡಿಸೆಂಬರ್‌ನಲ್ಲಿ ಭೀಮಗಡ. ಆರು ಜನ, ಒಂದು ಬಾಡಿಗೆ ಜೀಪು, ಒಬ್ಬ ಗೈಡ್, ತಲೆಗೆ ಒಂಬೈನೂರು ರೂಪಾಯಿ ಬಿತ್ತು. ಬುತ್ತಿ ನಮ್ಮದೇ, ಜೋಳದ ರೊಟ್ಟಿ, ಶೇಂಗಾ ಚಟ್ನಿ, ಮಡಿಕೆಕಾಳು ಪಲ್ಯ. ಖಾನಾಪುರದಲ್ಲಿ ಮಲಪ್ರಭೆ ಕಂಡಾಗ ಮಾಮಾ ಗಾಡಿ ನಿಲ್ಲಿಸಿದರು. "ಇದು ನಮ್ಮ ಹೊಳಿನ?" ಹೌದು ಅಂದೆ. ಇಲ್ಲೇ ಹತ್ತಿರದ ಕಣಕುಂಬಿಯಲ್ಲಿ ಹುಟ್ಟಿ, ಸವದತ್ತಿ ದಾಟಿ, ಪಟ್ಟದಕಲ್ಲಿನ ಪಕ್ಕದಲ್ಲಿ ಹಾದು ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಸೇರುವುದು ಇದೇ ಹೊಳೆ. ಮಾಮಾ ಚಪ್ಪಲಿ ಬಿಟ್ಟು ಇಳಿದು ನೀರು ಮುಟ್ಟಿ ಕಣ್ಣಿಗೆ ಒತ್ತಿಕೊಂಡು ಬಂದರು. ಗೈಡ್‌ಗೆ ಮಾತ್ರ ಲೇಟಾಗುತ್ತಿದೆ ಎಂಬ ಚಡಪಡಿಕೆ.

ಹೆಮ್ಮಡಗಾ ಕಡೆಯ ಕಾಡಿನಲ್ಲಿ ಅನುಮತಿ ಇದ್ದಷ್ಟು ದಾರಿ ನಡೆದೆವು. ಇದು ವನ್ಯಜೀವಿ ಧಾಮ, 2011ರಲ್ಲಿ ಘೋಷಣೆಯಾದದ್ದು. ಅರಣ್ಯ ಇಲಾಖೆಯ ಅನುಮತಿ ಇಲ್ಲದೆ ಒಳಗೆ ಕಾಲಿಡುವಂತಿಲ್ಲ. ಗೈಡ್ ಅಲ್ಲೇ ಹತ್ತಿರದ ಹಳ್ಳಿಯವರು. ಮರಾಠಿ, ಕೊಂಕಣಿ, ಕನ್ನಡ ಮೂರನ್ನೂ ಒಂದೇ ವಾಕ್ಯದಲ್ಲಿ ಆಡುತ್ತಾರೆ. ಕಾಡುಕೋಣಕ್ಕೆ ಅವರು 'ಗವಾ' ಅನ್ನುತ್ತಾರೆ, ಕೆಂದಳಿಲಿಗೆ 'ಶೇಕರು'. ಹೊರಡುವಾಗಲೇ ಹೇಳಿದರು, "ಇಲ್ಲಿ ಕಣ್ಣಿಗಿಂತ ಕಿವಿಗೆ ಕೆಲಸ ಜಾಸ್ತಿ ಐತ್ರಿ ಸರ. ಮೊಬೈಲು ಬಂದ್ ಮಾಡ್ರಿ."

ನಾಲ್ಕು ತಾಸು ನಡೆದು ಕಂಡ ದೊಡ್ಡ ಪ್ರಾಣಿ ಎಷ್ಟು? ಸೊನ್ನೆ. ಆದರೆ ದಾರಿಯ ನಡುವೆ ಕಾಡುನಾಯಿಗಳ ಹಿಕ್ಕೆ ಇತ್ತು. ಗೈಡ್ ಕಡ್ಡಿಯಿಂದ ಬಿಡಿಸಿ ತೋರಿಸಿದರು. ಒಳಗೆ ಒರಟು ಕಂದು ಕೂದಲು, ಕಡವೆಯದ್ದು. ಚೂರು ಮೂಳೆ. ಒಂದೇ ಜಾಗದಲ್ಲಿ ಐದಾರು ಕಡೆ ಹಾಕಿದ್ದವು. ಅಂದರೆ ಒಂಟಿಯಲ್ಲ, ಗುಂಪು. ಕಾಡುನಾಯಿ ಜಗತ್ತಿನಲ್ಲೇ ಅಳಿವಿನಂಚಿಗೆ ಬಂದ ಪ್ರಾಣಿ. ಅದರ ಸಂಸಾರ ಬಹುಶಃ ಹಿಂದಿನ ದಿನ ನಮ್ಮ ಇದೇ ದಾರಿಯಲ್ಲಿ ಹಾದಿತ್ತು. ನನಗೆ ಅದು ಸಾಕಾಯಿತು. ಮಾಮಾಗೆ ಸಾಕಾಗಲಿಲ್ಲ. "ಹೇಲು ತೋರಸಾಕ ಇಷ್ಟು ದೂರ ಕರಕೊಂಡ ಬಂದ್ಯಾ?"

ಸ್ವಲ್ಪ ಮುಂದೆ ಗೈಡ್ ಕೈ ಅಡ್ಡ ಹಿಡಿದರು. ನನ್ನ ಎದೆಯ ಎತ್ತರದಲ್ಲಿ, ಒಂದು ಮೊಳ ಆಚೆ, ಟೊಂಗೆಯ ಮೇಲೆ ಮಲಬಾರ್ ಗುಳಿಮಂಡಲ ಎಂಬ ವಿಷದ ಹಾವು. ಹಾವಿನ ಹಸಿರಿಗೂ ಪಾಚಿಯ ಹಸಿರಿಗೂ ಫರಕು ಇಲ್ಲ. ತೋರಿಸಿದ ಮೇಲೂ ನನಗೆ ಕಾಣಲು ಅರ್ಧ ನಿಮಿಷ ಬೇಕಾಯಿತು. ಅಷ್ಟೂ ಹೊತ್ತು ಅದು ಮಿಸುಕಾಡಲಿಲ್ಲ. ಗೈಡ್ ಇಲ್ಲದಿದ್ದರೆ ಅದೇ ಟೊಂಗೆ ಹಿಡಿದು ದಾಟುತ್ತಿದ್ದೆ.

ಭೀಮಗಡದ ನಿಜವಾದ ಹೆಸರುವಾಸಿ ಪ್ರಾಣಿಯನ್ನಂತೂ ನೋಡಲು ಆಗುವುದೇ ಇಲ್ಲ. ಬಾರಾಪೇಡೆ ಗುಹೆಯ ಬಾವಲಿ ಅದು. ದೊಡ್ಡ ಕಿವಿ, ಪೊರೆಯಿಂದ ಹೊರಗೆ ಚಾಚಿದ ಬಾಲ. 1913ರಲ್ಲಿ ಇದನ್ನು ಹೊಸ ಜಾತಿ ಅಂತ ದಾಖಲು ಮಾಡಿದರು. ಮುಂಬೈ ಪ್ರಾಂತ್ಯದಲ್ಲಿ ಅರಣ್ಯಾಧಿಕಾರಿಯಾಗಿದ್ದ ರಾಟನ್ ಅವರ ಹೆಸರಿಟ್ಟರು. ಆಮೇಲೆ ಹತ್ತಾರು ವರ್ಷ ಇಡೀ ಜಗತ್ತಿನಲ್ಲಿ ಇದರ ವಿಳಾಸ ಅಂದರೆ ನಮ್ಮ ಜಿಲ್ಲೆಯ ಈ ಒಂದೇ ಗುಹೆ. ಬಹಳ ತಡವಾಗಿ ಮೇಘಾಲಯದಲ್ಲೂ ಕಾಂಬೋಡಿಯಾದಲ್ಲೂ ಸಿಕ್ಕಿತು. ಗುಹೆಗೆ ಕರೆದೊಯ್ಯುತ್ತೀರಾ ಅಂತ ಕೇಳಿದ್ದಕ್ಕೆ ಗೈಡ್ ನಕ್ಕರು. "ಮಲಗಿದವರ ಮುಖಕ್ಕ ಬ್ಯಾಟರಿ ಬಿಟ್ರ ನಿಮಗ ಹೆಂಗ ಆಗ್ತೈತ್ರಿ?" ಗುಹೆ ತೋರಿಸ್ತೀನಿ ಅನ್ನುವ ಗೈಡ್ ಸಿಕ್ಕರೆ ಅವರನ್ನು ಬಿಟ್ಟು ಬೇರೆಯವರನ್ನು ಹುಡುಕಿ.

ಇನ್ನು ಜನವರಿಯ ಜೀಪ್ ಸಫಾರಿ. ಇದರ ಬಗ್ಗೆ ಜಾಸ್ತಿ ಹೇಳುವುದಿಲ್ಲ. ತಪ್ಪು ಅರ್ಧ ನನ್ನದೇ. ನೇರವಾಗಿ ಬುಕ್ ಮಾಡುವುದು ಬಿಟ್ಟು ಒಬ್ಬ ಏಜೆಂಟನ ಹತ್ತಿರ ಹೋದೆ. "ಕರಿ ಚಿರತೆ ನೋಡಿಸ್ತೀನಿ, ಗ್ಯಾರಂಟಿ" ಅಂದ. ಕಾಳಿ ಕಾಡಿನಲ್ಲಿ ಕರಿ ಚಿರತೆ ಇರುವುದು ಖರೆ. ಗ್ಯಾರಂಟಿ ಅನ್ನುವುದು ಸುಳ್ಳು. ತಲೆಗೆ ಸಾವಿರದ ನಾಲ್ಕುನೂರು ಕೊಟ್ಟೆವು. ಆಮೇಲೆ ಪಕ್ಕದ ಸೀಟಿನವರನ್ನು ಕೇಳಿದರೆ ನೇರವಾಗಿ ಟಿಕೆಟ್ ತೆಗೆದ ಅವರು ಕೊಟ್ಟಿದ್ದು ನಮಗಿಂತ ಎಷ್ಟೋ ಕಡಿಮೆ. ನಮ್ಮ ಜೀಪಿನ ಹಿಂದಿನ ಸೀಟಿನಲ್ಲಿ ನಾಲ್ಕು ಹುಡುಗರು. ಚಿಪ್ಸ್ ಪಾಕೀಟು ಒಡೆದ ಸದ್ದಿಗೇ ಎರಡು ಕಡವೆ ಓಡಿದವು. ಜೊತೆಗಿದ್ದ ಗೈಡ್ ಪಾಪ, ಮೂರು ಸಲ ಸುಮ್ನಿರಿ ಅಂದರು. ಎಂಜಿನ್ ಸದ್ದಿನಲ್ಲಿ ಹಿಂದೆ ಕೂತವರಿಗೆ ಅವರ ದನಿ ಮುಟ್ಟುತ್ತಲೇ ಇರಲಿಲ್ಲ.

ಆದರೂ ಲೆಕ್ಕಕ್ಕೆ ಹೆಚ್ಚು ಪ್ರಾಣಿ ಕಂಡಿದ್ದು ಇಲ್ಲೇ. ಚುಕ್ಕೆ ಜಿಂಕೆ, ಮುಸಿಯ, ನವಿಲು. ತಿರುವಿನಲ್ಲಿ ಒಂದು ಒಂಟಿ ಕಾಡುಕೋಣ, ಜೀಪಿನ ಬಾನೆಟ್‌ನಿಂದ ಇಪ್ಪತ್ತು ಅಡಿಯಲ್ಲಿ. ಮೊಣಕಾಲ ತನಕ ಬಿಳಿ ಕಾಲುಚೀಲ ಹಾಕಿದ ಹಾಗಿತ್ತು. ಹೊಲ, ಎತ್ತು ಅಂತಲೇ ಬೆಳೆದ ಮಾಮಾ ಉಸಿರು ಬಿಗಿ ಹಿಡಿದು, "ಇದರ ಭುಜ ನೋಡೋ, ಭುಜ" ಅಂತ ಪಿಸುಗುಟ್ಟಿದರು. ನನ್ನ ಎಂಟು ವರ್ಷದ ಮಗಳಿಗೆ ಮೂರು ಟ್ರಿಪ್‌ನಲ್ಲಿ ಇದೇ ಇಷ್ಟವಾಯಿತು. ಸಣ್ಣ ಮಕ್ಕಳಿದ್ದರೆ, ನಡೆಯಲಾಗದವರಿದ್ದರೆ ಜೀಪು ಸರಿ. ಆದರೆ ಮಳೆಕಾಡು ನೋಡಿ ಬಂದೆ ಅಂತ ಹೇಳಿಕೊಳ್ಳಬೇಡಿ.

ಮಾರ್ಚ್ ಟ್ರಿಪ್‌ಗೆ ನಾನು ದೊಡ್ಡ ಆಸೆ ಇಟ್ಟುಕೊಂಡಿರಲಿಲ್ಲ. ಹಕ್ಕಿ ನೋಡಲು ನಡುರಾತ್ರಿ ಮೂರಕ್ಕೆ ಏಳಬೇಕಾ ಅಂತ ಮನೆಯಲ್ಲಿ ಗೊಣಗಾಟ. ಬೆಳಗಾವಿಯಿಂದ ದಾಂಡೇಲಿ ಹತ್ತಿರ ಹತ್ತಿರ ನೂರು ಕಿ.ಮೀ. ಬೆಳಕು ಹರಿಯುವ ಹೊತ್ತಿಗೆ ಅಲ್ಲಿರಲೇಬೇಕು. ನಾವು ನಾಲ್ವರು, ನಮ್ಮದೇ ಕಾರು. ಗೈಡ್‌ಗೆ ಎಲ್ಲ ಸೇರಿ ಎರಡು ಸಾವಿರ, ಪೆಟ್ರೋಲ್ ಬೇರೆ.

ದಾಂಡೇಲಿಯಲ್ಲಿ ನಾಲ್ಕು ಜಾತಿಯ ಮಂಗಟ್ಟೆ ಇವೆ. ಎಲ್ಲಕ್ಕಿಂತ ದೊಡ್ಡದು ದಾಸ ಮಂಗಟ್ಟೆ, ಆಮೇಲೆ ಕಪ್ಪು-ಬಿಳಿ ಮಂಗಟ್ಟೆ, ಉಳಿದೆರಡು ಬೂದು ಬಣ್ಣದವು. ದಾಸ ಮಂಗಟ್ಟೆಯೂ, ಪಶ್ಚಿಮ ಘಟ್ಟ ಬಿಟ್ಟರೆ ಬೇರೆಲ್ಲೂ ಸಿಗದ ಮಲಬಾರ್ ಬೂದು ಮಂಗಟ್ಟೆಯೂ ಈಗ ಅಪಾಯದ ಪಟ್ಟಿಯಲ್ಲಿವೆ. ಇವುಗಳಿಗಾಗಿಯೇ 2011ರಲ್ಲಿ ಕಾಳಿ ಹೊಳೆಯ ದಂಡೆಯ ಕಾಡನ್ನು ಮಂಗಟ್ಟೆ ಸಂರಕ್ಷಣಾ ಮೀಸಲು ಅಂತ ಮಾಡಿದ್ದಾರೆ. ಇನ್ನೊಂದು ಮಜಾ ಗೊತ್ತಾ? ಹಕ್ಕಿ ನೋಡುವವರು ಮೊದಲು ಹೋಗುವ ಜಾಗ ಕಾಡಲ್ಲ, ಟಿಂಬರ್ ಡಿಪೊ. ಕಡಿದ ದಿಮ್ಮಿಗಳ ಸಾಲಿನ ಸುತ್ತ ನಿಂತ ಮರಗಳಿಗೆ ಬೆಳಿಗ್ಗೆ ಇವು ಬಂದು ಕೂರುತ್ತವೆ.

ಮೊದಲು ಸದ್ದು ಬಂತು. ದೂರದಲ್ಲಿ ಯಾರೋ ದಪ್ಪ ಕಂಬಳಿ ಝಾಡಿಸಿದ ಹಾಗೆ, ಸರ್ರ್, ಸರ್ರ್. ರೆಕ್ಕೆಯ ಸದ್ದು ಅದು. ಆಮೇಲೆ ಏಳು ಕಪ್ಪು-ಬಿಳಿ ಮಂಗಟ್ಟೆ ಸಾಲಾಗಿ ತಲೆಯ ಮೇಲೆ ಹಾದವು. ಮಾಮಾ ಎಣಿಸಿದರು, ಮತ್ತೊಮ್ಮೆ ಎಣಿಸಿದರು.

ಅಲ್ಲಿಂದ ಗೈಡ್ ಒಂದು ಗೂಡಿನ ಮರಕ್ಕೆ ಕರೆದೊಯ್ದರು. ಮರದ ಹತ್ತಿರಕ್ಕೆ ಬಿಡಲಿಲ್ಲ. ಎಪ್ಪತ್ತು ಎಂಬತ್ತು ಹೆಜ್ಜೆ ಆಚೆ ಪೊದೆಯ ಹಿಂದೆ ಕೂರಿಸಿ ದುರ್ಬೀನು ಕೊಟ್ಟರು. ಪೊಟರೆಯ ಬಾಯಿ ಮುಚ್ಚಿತ್ತು, ನಡುವೆ ಉದ್ದನೆಯ ಒಂದು ಸಂದಿ ಬಿಟ್ಟು. ಹೆಣ್ಣು ಒಳಗೆ ಸೇರಿ ತಾನೇ ಬಾಗಿಲು ಮೆತ್ತಿಕೊಳ್ಳುತ್ತದೆ. ಮೊಟ್ಟೆ ಇಟ್ಟು, ಕಾವು ಕೂತು, ಹಳೆ ಗರಿ ಉದುರಿಸಿ, ತಿಂಗಳುಗಟ್ಟಲೆ ಅಲ್ಲೇ ಇರುತ್ತದೆ. ಊಟ ಪೂರ್ತಿ ಗಂಡಿನ ಜವಾಬ್ದಾರಿ. ಮುಕ್ಕಾಲು ತಾಸು ಕಾದ ಮೇಲೆ ಗಂಡು ಬಂತು. ಸಂದಿಯ ಹತ್ತಿರ ತೊಗಟೆಗೆ ಆತುಕೊಂಡು ತಲೆ ಕೊಡವಿತು. ಕೊಕ್ಕಿನ ತುದಿಯಲ್ಲಿ ಒಂದು ಅತ್ತಿಹಣ್ಣು. ಒಳಗಿನಿಂದ ಇನ್ನೊಂದು ಕೊಕ್ಕು ಬಂದು ಇಸಿದುಕೊಂಡಿತು. ಗಂಡು ಮತ್ತೆ ತಲೆ ಕೊಡವಿ ಗಂಟಲಿನಿಂದ ಇನ್ನೊಂದು ತೆಗೆಯಿತು. ಹೀಗೆ ಇಪ್ಪತ್ತಾರು ಹಣ್ಣು. ಕೊನೆಗೆ ಏನೂ ಇಲ್ಲದಿದ್ದರೂ ಒಂದು ಕ್ಷಣ ಸಂದಿಗೆ ಮುಖವಿಟ್ಟು ನಿಂತು ಹಾರಿಹೋಯಿತು. "ಈ ಗಂಡು ಸತ್ರ?" ಅಂತ ಮಾಮಾ ಕೇಳಿದರು. ಗೈಡ್ ಉತ್ತರ ಕೊಡದೆ ಕೈ ಮಾತ್ರ ಅಲ್ಲಾಡಿಸಿದರು. ದೊಡ್ಡ ಮರ ಹೋದರೂ ಕಥೆ ಅದೇ. ಪೊಟರೆ ಇವು ಕೊರೆಯುವುದಲ್ಲ, ಹಳೆ ಮರದಲ್ಲಿ ತಾನಾಗಿ ಆದದ್ದೇ ಬೇಕು.

ಹಾಗಾಗಿ ನನ್ನ ಓಟು ಮಂಗಟ್ಟೆ ಬೆಳಗಿಗೆ. ಖರ್ಚಿನ ಲೆಕ್ಕಕ್ಕೂ ಅದೇ, ಕಂಡಿದ್ದರ ಲೆಕ್ಕಕ್ಕೂ ಅದೇ. ಆದರೆ ಗೂಡು ನೋಡುವ ಆಸೆ ಇದ್ದರೆ ಬೇಸಿಗೆಯ ಆ ಕೆಲವು ತಿಂಗಳಲ್ಲೇ ಹೋಗಬೇಕು. ಮರದ ಬುಡಕ್ಕೆ ಕರೆದೊಯ್ಯಲು ಹಟ ಮಾಡಬಾರದು. ನಾನೊಬ್ಬನೇ ಹೋಗುವುದಾದರೆ ಮತ್ತೆ ಭೀಮಗಡವೇ. ಮಳೆಗಾಲದಲ್ಲಿ ಮಾತ್ರ ಬೇಡ, ಆಗ ಇಂಬಳಗಳ ಕಾಟ. ಹುಲಿ, ಸಿಂಹ ಕಂಡೇ ತೀರಬೇಕು ಅನ್ನುವ ನೆಂಟರು ಬಂದರೆ ಭೂತರಾಮನಹಟ್ಟಿಯ ಝೂಗೆ ಕರೆದುಕೊಂಡು ಹೋಗಿ, ಮಧ್ಯಾಹ್ನದ ಊಟಕ್ಕೆ ಮನೆಗೆ ಬಂದುಬಿಡಬಹುದು.

ಮಾಮಾ ಈಗ ಸಿಂಗಳೀಕ (ಸಿಂಹಬಾಲದ ಕೋತಿ) ನೋಡಬೇಕು ಅಂತ ಕೂತಿದ್ದಾರೆ. ಅದು ನಮ್ಮ ಕಡೆ ಇಲ್ಲ, ಶಿರಸಿ ಆಚೆ ಅಘನಾಶಿನಿ ಕಣಿವೆಗೆ ಹೋಗಬೇಕು, ಒಂದು ದಿನದಲ್ಲಿ ಆಗಲ್ಲ ಅಂದೆ. "ಎರಡು ದಿನದ್ದು ಮಾಡು. ರೊಟ್ಟಿ ನಾ ತರ್ತೀನಿ" ಅಂದರು. "ಆ ಏಜೆಂಟಗ ಮಾತ್ರ ಫೋನ್ ಹಚ್ಚಬ್ಯಾಡ."